ಅಕ್ಕೋರು ಪಾರ್ಲಿಮೆಂಟಿಗೆ ಹೋಗಿದ್ದ ವರ್ಷ

ಈ ಸಲ ಶ್ರಾವಣದ ಕೊನೆಗೆ ತುಬಚಿಯ ಕಡೆ ಬಸುರಿಯೊಬ್ಬಳ ಕುಬಸದ ಕಾರ್ಯಕ್ಕೆ ಹೋಗಿ ಜಮಖಂಡಿಗೆ ಮರಳುತ್ತಿದ್ದೆವು. ಹೊಳೆಗೆ ಹತ್ತಿರದ ಹೊಲಗಳಲ್ಲಿ ನೀರು ನಿಂತು ಇಳಿದಿತ್ತು. ಒಂದು ತಿರುವಿನಲ್ಲಿ ಕಾರಿನ ಕಿಟಕಿಯಿಂದ ಆ ವಾಸನೆ ಬಂದು ಮುಖಕ್ಕೆ ಹೊಡೆಯಿತು. ಸಮೀರವಾಡಿಯ ಸಕ್ಕರೆ ಕಾರ್ಖಾನೆಯ ಮುಂದೆ ಹಾದುಹೋದವರಿಗೆಲ್ಲ ಕಬ್ಬು ನುರಿಸುವ ವಾಸನೆ ಗೊತ್ತು. ಅದು ಬೆಚ್ಚಗಿನ, ಹೊಟ್ಟೆ ತುಂಬಿಸುವಂಥ ವಾಸನೆ. ಇದು ಅದಲ್ಲ. ನೀರಿನಡಿ ನಿಂತಲ್ಲೇ ಕೊಳೆತ ಕಬ್ಬಿನದು. ಬೆಲ್ಲವೂ ಹುಳಿ ಬಂದ ಮಜ್ಜಿಗೆಯೂ ಸತ್ತ ಮೀನೂ ಒಟ್ಟಿಗೆ ಕೂಡಿದಂಥದ್ದು. ನನ್ನ ಯಜಮಾನರು ಗಾಜು ಏರಿಸಲು ಕೈ ಹಾಕಿದರು. "ಇರ್ಲಿ ಬಿಡ್ರಿ," ಎಂದೆ. ಅವರು ಕಾರನ್ನು ನಿಧಾನ ಮಾಡಿದರು.

ಆ ವಾಸನೆಯಲ್ಲಿ ನಾನು ಒಂದು ಮಳೆಗಾಲ ಕಳೆದಿದ್ದೇನೆ. ಅದು ನಮ್ಮ ನೀಲಮ್ಮ ಅಕ್ಕೋರು ಪಾರ್ಲಿಮೆಂಟಿನ ಸದಸ್ಯೆಯಾಗಿದ್ದ ವರ್ಷ.

ನಮ್ಮ ಕಡೆ ಸಾಲಿ ಕಲಿಸುವ ಹೆಣ್ಣುಮಕ್ಕಳಿಗೆ ಅಕ್ಕೋರು ಎನ್ನುತ್ತಾರೆ. ನೀಲಮ್ಮ ಅಕ್ಕೋರು ರಬಕವಿಯವರು. ಬನಹಟ್ಟಿಯ ಹೆಣ್ಣುಮಕ್ಕಳ ಹೈಸ್ಕೂಲಿನಲ್ಲಿ ಗಣಿತ ಕಲಿಸಿ, ಅಲ್ಲೇ ಮುಖ್ಯೋಪಾಧ್ಯಾಯಿನಿಯಾಗಿ ನಿವೃತ್ತರಾದವರು. ಮದುವೆ ಮಾಡಿಕೊಂಡಿರಲಿಲ್ಲ, ತಮ್ಮನ ಸಂಸಾರದ ಜೊತೆ ಇದ್ದರು. ಮಗ್ಗದ ಮನೆಗಳ ಹುಡುಗಿಯರು ಏಳನೆಯ ಇಯತ್ತೆಗೇ ಸಾಲಿ ಬಿಟ್ಟು ನೂಲಿನ ಕಂಡಿಕೆ ಸುತ್ತಲು ಕೂಡುತ್ತಿದ್ದ ಕಾಲದಲ್ಲಿ ಅವರು ಮನೆಮನೆಗೆ ಹೋಗಿ, ಮಗ್ಗದ ಸದ್ದಿನಲ್ಲಿ ತಮ್ಮ ಮಾತು ಕೇಳಿಸದಿದ್ದರೆ ತಾವೇ ಮಗ್ಗ ಬಂದ್ ಮಾಡಿ, ತಂದೆಯರನ್ನು ಒಪ್ಪಿಸಿ ಹುಡುಗಿಯರನ್ನು ಕರೆತರುತ್ತಿದ್ದರು. ಹಾಗೆ ಬಂದವರಲ್ಲಿ ನಾನೊಬ್ಬಳು. ಮುಂದೆ ನಾನು ಹಿಂದಿ ಎಂ.ಎ. ಮಾಡಿ ಜಮಖಂಡಿಯ ಕಾಲೇಜೊಂದರಲ್ಲಿ ಕೆಲಸಕ್ಕೆ ಸೇರಿದೆ. ಅಕ್ಕೋರಿಗೆ ಹಿಂದಿ ಬರುತ್ತಿರಲಿಲ್ಲ. ಆ ಒಂದು ಕಾರಣಕ್ಕೆ ಅವರ ಆ ವರ್ಷದಲ್ಲಿ ನನಗೂ ಪಾಲು ಸಿಕ್ಕಿತು.

ನಮ್ಮ ಕ್ಷೇತ್ರದ ಸದಸ್ಯರು ಅವಧಿ ಮುಗಿಯುವ ಮೊದಲೇ ತೀರಿಕೊಂಡಿದ್ದರು. ಅವರ ಜಾಗಕ್ಕೆ ಪಕ್ಷದೊಳಗೆ ಇಬ್ಬರು ದೊಡ್ಡವರ ಪೈಪೋಟಿ. ಒಬ್ಬರಿಗೆ ಟಿಕೆಟ್ ಕೊಟ್ಟರೆ ಇನ್ನೊಬ್ಬರು ಸೋಲಿಸುವುದು ಖಚಿತ. ಕಬ್ಬು ಕಡಿಯುವ ಹಂಗಾಮಿನ ಒಂದು ಮುಂಜಾನೆ ಪಕ್ಷದ ಹಿರಿಯರಾದ ಶಿವಲಿಂಗಪ್ಪನವರು ಅಕ್ಕೋರ ಮನೆಗೆ ಬಂದರು. ನಾನು ಅಲ್ಲೇ ಇದ್ದೆ.

"ನಿಮ್ಮ ಹೆಸರಿಗೆ ಯಾರೂ ಅಡ್ಡ ಬರಂಗಿಲ್ರಿ ಅಕ್ಕೋರ," ಎಂದರು. "ಬನಹಟ್ಟಿಯೊಳಗ ನಿಮ್ಮ ಕೈಯಾಗ ಕಲೀಲಾರದ ಮನಿ ಯಾವುದೈತಿ? ವರ್ಷದ ಮ್ಯಾಲ ಒಂದಿಷ್ಟು ತಿಂಗಳು ಅಷ್ಟ. ಮುಂದಿನ ಚುನಾವಣಿಗೆ ನಾವು ನೋಡ್ಕೋತೀವಿ."

"ಅಂದ್ರ ಖುರ್ಚಿ ಕಾಯೋ ಕೆಲಸ."

ಶಿವಲಿಂಗಪ್ಪನವರು ನಕ್ಕರು. "ಖರೆ ಹೇಳಬೇಕಂದ್ರ ಹಂಗಽ ರೀ."

"ವರ್ಷ ಅಂದ್ರ ಭಾಳ ಆತು," ಎಂದರು ಅಕ್ಕೋರು. "ಏನೂ ಬರಲಾರದ ಹುಡುಗ್ಯಾರನ್ನ ನಾ ಒಂದ ವರ್ಷದಾಗ ಪಾಸ್ ಮಾಡಿಸೇನಿ."

ಪ್ರಚಾರಕ್ಕೆ ಅವರು ಜೀಪಿನ ಮೇಲೆ ನಿಂತು ಕೈ ಮುಗಿಯಲಿಲ್ಲ. ಮುಧೋಳದ ಸಂತೆಯಲ್ಲಿ, ಬೀಳಗಿಯ ಹಿನ್ನೀರಿನ ಊರುಗಳಲ್ಲಿ, ಬನಹಟ್ಟಿಯ ಮಗ್ಗದ ಓಣಿಗಳಲ್ಲಿ ನಡೆದೇ ಹೋದರು. ಎಲ್ಲಿ ಹೋದರೂ ಸೆರಗು ಸರಿಮಾಡಿಕೊಳ್ಳುತ್ತ ಎದ್ದು ನಿಲ್ಲುವ ಒಬ್ಬ ಹಳೆಯ ವಿದ್ಯಾರ್ಥಿನಿ ಇರುತ್ತಿದ್ದಳು. ಗೆಲ್ಲುತ್ತಾರೆಂದು ನನಗೆ ಗೊತ್ತಾದದ್ದು ಅಲ್ಲೇ.

ಆ ಓಡಾಟದಲ್ಲೇ ಗಡ್ಡಿಗೂ ಹೋದೆವು. ಕೃಷ್ಣೆ ಎರಡಾಗಿ ಒಡೆದು ಮತ್ತೆ ಕೂಡುವಲ್ಲಿ ನಡುವೆ ಉಳಿದ ನೆಲ ಅದು. ಅಲ್ಲಿದ್ದವು ಕೆಲವೇ ಮನೆಗಳು. ಬೇಸಿಗೆಯಲ್ಲಿ ಮೊಣಕಾಲು ನೀರಿನಲ್ಲಿ ದಾಟಬಹುದು, ಮಳೆಗಾಲದಲ್ಲಿ ದೋಣಿಯೇ ಗತಿ. ಅಕ್ಕೋರ ತಾಯಿಯ ತವರು ಎದುರು ದಂಡೆಯ ಹಳ್ಳಿಯಲ್ಲಿತ್ತು. ಸೂಟಿಗೆಂದು ಅಲ್ಲಿಗೆ ಹೋದಾಗಲೆಲ್ಲ ಗಡ್ಡಿಯ ಗಂಗವ್ವ ಅವರ ಜೊತೆಗಾರ್ತಿ. ಇಬ್ಬರೂ ಹೊಳೆಯಲ್ಲಿ ಈಜು ಕಲಿತು, ಉಸುಕಿನಲ್ಲಿ ಹಾಕಿದ ಸೌತೆಕಾಯಿ ಕದ್ದು ತಿಂದು ಬೆಳೆದವರು. ಅಕ್ಕೋರನ್ನು "ನೀಲಿ" ಎಂದು ಕರೆಯುವವರಲ್ಲಿ ಆ ಹೊತ್ತಿಗೆ ಲೋಕದಲ್ಲಿ ಗಂಗವ್ವ ಒಬ್ಬಳೇ ಉಳಿದಿದ್ದಳು.

ಹೊಳೆ ಏರಿದಾಗಲೆಲ್ಲ ಗಡ್ಡಿಯ ಜನ ಮನೆ ಬಿಟ್ಟು ಬಂದು ಸಾಲಿ ಕೋಣೆಗಳಲ್ಲಿ ಮಲಗಿದ್ದರು. ಎತ್ತರದಲ್ಲಿ ಎಲ್ಲಾದರೂ ಜಾಗ ಕೊಡುತ್ತೇವೆ ಎಂಬ ಅಧಿಕಾರಿಗಳ ಮಾತು ಕೇಳಿದ್ದರು. ನೀರಿಳಿದ ಮೇಲೆ ಅದೇ ಗಡ್ಡಿಗೆ ಮರಳಿ ಅದೇ ಗೋಡೆಗಳನ್ನು ಮತ್ತೆ ಎಬ್ಬಿಸಿದ್ದರು. ಆ ದಿನ ಗಂಗವ್ವ ನಮಗೆ ಚಹಾ ಕೊಟ್ಟು ಎದುರಿಗೆ ಕೂತಳು.

"ಹೊಳಿ ಬಂದಾಗ ನೀನೂ ಬಂದು ಏಳ್ರಿ ಅಂತೀಯೇನು ನೀಲಿ?"

"ಜಾಗಾ ತೋರಿಸೋತನಕ ನಾ ನಿಮಗ ಏಳ್ರಿ ಅನ್ನಂಗಿಲ್ಲ," ಎಂದರು ಅಕ್ಕೋರು.

"ಮಾತು?"

"ಮಾತು."

ಮರಳುವಾಗ ನಾನು ಅಳುಕುತ್ತ, "ಅಂಥಾ ಮಾತು ಕೊಡಬಾರದಿತ್ತೇನ್ರಿ ಅಕ್ಕೋರ," ಎಂದೆ. ಅವರು ಸ್ವಲ್ಪ ದೂರ ನಡೆದು, "ಮಾತು ಕೊಡದಿದ್ರ ಕೆಲಸ ಮಾಡೋ ಗರಜ ಬೀಳಂಗಿಲ್ಲ ಸುಮಾ," ಎಂದರು.

ಗೆದ್ದರು. ದಿಲ್ಲಿಗೆ ಹೋಗಿ ಕನ್ನಡದಲ್ಲಿ ಪ್ರಮಾಣವಚನ ತೆಗೆದುಕೊಂಡರು. ನಾನು ಕಾಲೇಜಿಗೆ ರಜೆ ಹಾಕಿ ಜೊತೆಗೆ ಹೋದೆ. ಹೊಸಬರಾದ್ದರಿಂದ ಅವರಿಗೆ ಸಿಕ್ಕದ್ದು ತೀರ ಹಿಂದಿನ ಸಾಲು. ಬೇರೆ ಸದಸ್ಯರು ಎದ್ದು ಹೋಗುವರು, ಬರುವರು. ಅಕ್ಕೋರು ಪರೀಕ್ಷೆಯ ಕೋಣೆ ಕಾಯುವವರಂತೆ ನೆಟ್ಟಗೆ ಕೂತಿರುತ್ತಿದ್ದರು. ಗದ್ದಲವೆದ್ದು ಸದನ ಮುಂದಕ್ಕೆ ಹೋದ ದಿನ ಹೊರಗೆ ಬಂದು, "ನನ್ನ ಸಾಲ್ಯಾಗ ಇಷ್ಟು ಗದ್ದಲ ಆಗಿದ್ರ ನನ್ನ ಮನಿಗೆ ಕಳಸ್ತಿದ್ರು," ಎನ್ನುತ್ತಿದ್ದರು. ಪಕ್ಷಕ್ಕೆ ಸಿಗುವ ಸಮಯವೆಲ್ಲ ಹಿರಿಯರಿಗೆ ಹಂಚಿಹೋಗುತ್ತಿತ್ತು. ಉಳಿದದ್ದು ಶೂನ್ಯ ವೇಳೆ. ಅದಕ್ಕೆ ಹೆಸರು ಕೊಡಬೇಕು, ಚೀಟಿ ಎತ್ತಿದಾಗ ಬರಬೇಕು. ಅವರು ಹೆಸರು ಕೊಡುತ್ತಲೇ ಇದ್ದರು. ಅದು ಬರುತ್ತಿರಲಿಲ್ಲ.

ಆದರೆ ಸಮಿತಿಯೊಂದರಲ್ಲಿ ಅವರನ್ನು ಹಾಕಿದ್ದರು. ಅಲ್ಲಿ ಒಂದು ದಿನ ವಿದ್ಯುತ್ ಮಗ್ಗಗಳ ಮಾತು ಬಂತು. ನೂಲಿನ ದರ ಏರಿದಾಗ ಬನಹಟ್ಟಿಯ ಒಂದು ಮನೆಯಲ್ಲಿ ಮೊದಲು ನಿಲ್ಲುವುದು ಮಗ್ಗವಲ್ಲ, ಹೆಣ್ಣುಮಗಳ ಸಾಲಿ ಎಂದು ಅವರು ತಮ್ಮ ನಿಧಾನದ ಇಂಗ್ಲಿಷಿನಲ್ಲಿ ಹೇಳಿದರು. ಮೇಜಿನ ಆಚೆ ಫೋನು ನೋಡುತ್ತಿದ್ದವರು ತಲೆಯೆತ್ತಿದರು. ಅಧ್ಯಕ್ಷರು, "ಇನ್ನೂ ಹೇಳಿ," ಎಂದರು. ಅಂದು ಸಂಜೆ ಅತಿಥಿಗೃಹದ ಹುಲ್ಲಿನ ಮೇಲೆ ನಡೆಯುವಾಗ ಅಕ್ಕೋರು ನನ್ನ ಕಡೆ ನೋಡದೆ ಹೇಳಿದರು: "ನನಗ ಇನ್ನೊಂದ ಸಲ ಬರಬೇಕನಸ್ತೈತಿ ಸುಮಾ." ತಮಗಾಗಿ ಅವರು ಏನನ್ನಾದರೂ ಬೇಕೆಂದದ್ದನ್ನು ನಾನು ಕೇಳಿದ್ದು ಅದೇ ಮೊದಲು. ಮುಂದಿನ ತಿಂಗಳು ಊರಿಗೆ ಬಂದಾಗ ಶಿವಲಿಂಗಪ್ಪನವರ ಮುಂದೆಯೂ ಹೇಳಿದರು. ಅವರು, "ನೋಡೂಣ್ರಿ," ಎಂದರು.

ಗಡ್ಡಿಯ ವಿಷಯಕ್ಕೆ ದಿಲ್ಲಿಯಲ್ಲಿ ಕೇಳಿದಲ್ಲೆಲ್ಲ ಒಂದೇ ಉತ್ತರ ಬರುತ್ತಿತ್ತು: ಇದು ರಾಜ್ಯದ ಕೆಲಸ. ಉತ್ತರ ಕೊಟ್ಟವರು ಸೌಜನ್ಯದಿಂದಲೇ ಕೊಟ್ಟರು, ಅದು ಸುಳ್ಳೂ ಅಲ್ಲ. ಸದನದಲ್ಲಿ ಒಮ್ಮೆ ಮಾತನಾಡಿದರೆ ಊರಿನ ಕಚೇರಿಗಳು ಎಚ್ಚರಗೊಳ್ಳುತ್ತವೆ ಎಂದು ಅಕ್ಕೋರು ನಂಬಿದ್ದರು. ಮಳೆಗಾಲದ ಅಧಿವೇಶನದಲ್ಲಿ ಕೊನೆಗೂ ಅವರ ಹೆಸರು ಬಂತು. ಹೇಳಬೇಕಾದದ್ದನ್ನೆಲ್ಲ ಅವರು ಬಾಯಿಪಾಠ ಮಾಡಿಕೊಂಡಿದ್ದರು. ಆ ಮುಂಜಾನೆ ಇಳಕಲ್ ಸೀರೆ ಉಟ್ಟು, ಚಹಾ ಕುಡಿಯುತ್ತ, ಮನಸ್ಸಿನಲ್ಲೇ ಅದನ್ನು ಇನ್ನೊಮ್ಮೆ ಹೇಳಿಕೊಳ್ಳುತ್ತಿದ್ದಾಗ ತಹಶೀಲ್ದಾರರ ಫೋನು ಬಂತು.

"ಮ್ಯಾಲಿಂದ ನೀರು ಬಿಡಾಕತ್ತಾರ್ರಿ ಮೇಡಂ. ಎಲ್ಲಾ ಊರು ಖಾಲಿ ಆಗ್ಯಾವ. ಗಡ್ಡಿಯವರು ಮಾತ್ರ ಬೋಟ್ ಹತ್ತವಲ್ಲರು. ಅಕ್ಕೋರು ಬಂದು ಹೇಳಿದ್ರ ಏಳ್ತೀವಿ, ಇಲ್ಲಾಂದ್ರ ಇಲ್ಲ ಅಂತಾರ."

ಅಕ್ಕೋರು ಗಂಗವ್ವನಿಗೆ ಫೋನು ಮಾಡಿದರು. ಆ ಕಡೆ ಮಳೆಯ ಸದ್ದು, ದನ ಕೂಗುವ ಸದ್ದು.

"ಜಾಗಾ ಆತೇನು?" ಎಂದಳು ಗಂಗವ್ವ.

"ಇಲ್ಲ. ಆದ್ರ ಗಂಗಿ..."

"ಹಂಗಾರ ಫೋನ್ ಇಡು."

ನಾನು ಹೇಳಿದೆ: "ಇವತ್ತು ಮಾತಾಡಿ ನಾಳೆ ಮುಂಜಾನೆ ಹೋಗೂಣ್ರಿ. ಇಷ್ಟು ದಿನ ಕಾದೀರಿ. ಅಧಿಕಾರಿಗಳು ಹೆಂಗರ ಮಾಡಿ ಎಬ್ಬಸ್ತಾರ."

"ಎಬ್ಬಸ್ತಾರ. ಪೊಲೀಸರು ಕೈಕಾಲು ಹಿಡಿದು ಎತ್ತಿಕೊಂಡು ಬರ್ತಾರ," ಎಂದರು ಅಕ್ಕೋರು. ಕಪ್ಪನ್ನು ಮೇಜಿನ ಮೇಲೆ ಇಟ್ಟರು. "ನಾ ಕೂಡ್ರಿಸಿದವರನ್ನ ನಾನಽ ಎಬ್ಬಿಸಬೇಕು. ಬ್ಯಾಗ್ ತಗೊ."

ಸಿಕ್ಕ ವಿಮಾನ ಹಿಡಿದು ಬೆಳಗಾವಿಗೆ ಬಂದೆವು. ದಾರಿಯುದ್ದಕ್ಕೂ ಮಳೆ. ಮುಧೋಳದ ಹತ್ತಿರ ಘಟಪ್ರಭೆ ರಸ್ತೆಗೆ ಬಂದಿತ್ತು. ಸುತ್ತು ಹಾಕಿ, ಎರಡು ಕಡೆ ತಡೆದು ನಿಂತು, ಮರುದಿನ ಬೆಳಿಗ್ಗೆ ಹೊಳೆಯ ದಂಡೆ ತಲುಪಿದೆವು. ನಾನು ಹುಟ್ಟಿದಾಗಿನಿಂದ ನೋಡಿದ ಹೊಳೆ ಅದಾಗಿರಲಿಲ್ಲ. ಬಣ್ಣ ಕೆಂಪು ಮಣ್ಣಿನದು, ಸದ್ದು ಮಗ್ಗದ ಓಣಿಯದು. ತಹಶೀಲ್ದಾರರು ಕೈ ಅಡ್ಡ ಹಿಡಿದರು.

"ನೀವು ಹೋಗಬ್ಯಾಡ್ರಿ ಮೇಡಂ. ನಿಮಗೇನರ ಆದ್ರ ನನ್ನ ನೌಕರಿ ಹೋಗ್ತೈತಿ."

"ನನ್ನ ನೌಕರಿ ಹೆಂಗೂ ಹೋಗೋದೈತಿ," ಎಂದರು ಅಕ್ಕೋರು. "ಹತ್ತಸ್ರಿ."

ರಬ್ಬರಿನ ಬೋಟಿನಲ್ಲಿ ನಾನೂ ಹತ್ತಿದೆ. ಧೈರ್ಯದಿಂದಲ್ಲ, ಅವರೊಬ್ಬರನ್ನೇ ಬಿಡಲಾಗಲಿಲ್ಲ. ಗಡ್ಡಿಯಲ್ಲಿ ನೀರು ದನದ ಗೂಟಗಳವರೆಗೆ ಬಂದಿತ್ತು. ಜನರೆಲ್ಲ ಎತ್ತರದಲ್ಲಿದ್ದ ಗಂಗವ್ವನ ಮನೆಯ ಕಟ್ಟೆಯ ಮೇಲೆ ಕೂತಿದ್ದರು, ಮೊಮ್ಮಕ್ಕಳನ್ನು ಗೋಣಿತಟ್ಟಿನಲ್ಲಿ ಸುತ್ತಿಕೊಂಡು. ಗಂಗವ್ವ ಏಳಲಿಲ್ಲ.

"ಜಾಗಾ ತೋರ್ಸಾಕ ಬಂದೀಯೇನು?"

"ಇಲ್ಲ. ಬರಿಗೈಲೆ ಬಂದೇನಿ. ಏಳ್ರಿ ಅನ್ನಾಕ ಬಂದೇನಿ."

"ಮಾತು ಕೊಟ್ಟಿದ್ದಿ."

"ಕೊಟ್ಟಿದ್ದೆ. ಅದನ್ನ ಮುರ್ಯಾಕ ಬಂದೇನಿ." ಅಕ್ಕೋರ ಸೀರೆ ಮೊಣಕಾಲಿನವರೆಗೆ ತೊಯ್ದಿತ್ತು. ಅವರು ಕಟ್ಟೆಯ ಕೆಳಗೆ ನೀರಿನಲ್ಲೇ ನಿಂತಿದ್ದರು. "ಫೋನಿನ್ಯಾಗ ಮುರೀಬಾರದಂತ ಇಲ್ಲೀತನಕ ಬಂದೆ. ನೀವು ಉಳಿದ್ರ ನನ್ನ ಬೈಯಾಕ ಮಂದಿ ಇರ್ತಾರ. ಏಳು ಗಂಗಿ."

ಗಂಗವ್ವ ಬಹಳ ಹೊತ್ತು ಅಕ್ಕೋರ ಮುಖ ನೋಡಿದಳು. ಆಮೇಲೆ ಎದ್ದು ಒಳಗೆ ಹೋಗಿ, ಒಲೆಯ ಮೇಲಿನ ಬೋಗುಣಿ ಇಳಿಸಿ, ಕದ ಮುಂದೆ ಮಾಡಿ ಬಂದಳು. ಅವಳು ಎದ್ದ ಮೇಲೆ ಉಳಿದವರೂ ಎದ್ದರು. ಬೋಟಿನಲ್ಲಿ ಅವಳು ನಮ್ಮ ಕಡೆ ಬೆನ್ನು ಮಾಡಿ ಕೂತಳು. ದಂಡೆಗೆ ಇಳಿದ ಮೇಲೆ ಎಲ್ಲರೂ ಕೇಳುವಂತೆ ಹೇಳಿದಳು: "ಇನ್ನ ಮ್ಯಾಲ ನೀ ನನ್ನ ಕೂಡ ಮಾತಾಡಬ್ಯಾಡ."

ಆ ದಿನ ಸಂಜೆಯೊಳಗೆ ನಾವು ದಂಡೆಯಿಂದ ನೋಡುತ್ತಿದ್ದಂತೆಯೇ ಗಡ್ಡಿಯ ಗೋಡೆಗಳು ಒಂದೊಂದಾಗಿ ಕೂತವು. ಸದ್ದು ಕೇಳಿಸಲಿಲ್ಲ. ಗೋಡೆ ಇದ್ದ ಕಡೆ ಸ್ವಲ್ಪ ಹೊತ್ತು ನೀರು ಮಾತ್ರ ಬೇರೆ ರೀತಿ ಸುಳಿದು, ಮತ್ತೆ ಮೊದಲಿನಂತೆ ಹರಿಯಿತು.

ಗಡ್ಡಿಯವರನ್ನು ಎತ್ತರದ ಊರೊಂದರ ಸಾಲಿಯಲ್ಲಿ ಇರಿಸಿ ಗಂಜಿ ಕೇಂದ್ರ ಮಾಡಿದರು. ಅಕ್ಕೋರು ದಿಲ್ಲಿಗೆ ಮರಳದೆ ಅಲ್ಲೇ ಉಳಿದರು. ಹೆಂಗಸರ ನಡುವೆ ಕೂತು ರೊಟ್ಟಿ ಬಡಿದರು. ಬೆಂಚುಗಳನ್ನು ಕೂಡಿಸಿ ಅದರ ಮೇಲೆ ಮಲಗಿದರು. ಗಂಗವ್ವ ಅದೇ ಕೋಣೆಯಲ್ಲಿದ್ದರೂ ಅವರ ಕಡೆ ತಿರುಗುತ್ತಿರಲಿಲ್ಲ. ಅಕ್ಕೋರು ಬಡಿದ ರೊಟ್ಟಿಯನ್ನೂ ಮುಟ್ಟುತ್ತಿರಲಿಲ್ಲ. ಹೊಳೆ ಇಳಿಯಿತು, ಬಿಸಿಲು ಬಂತು, ಎಲ್ಲ ಕಡೆಯಿಂದ ಆ ಕೊಳೆತ ಕಬ್ಬಿನ ವಾಸನೆ ಎದ್ದಿತು. ಅನ್ನದಲ್ಲಿ, ಒಣಹಾಕಿದ ಬಟ್ಟೆಯಲ್ಲಿ, ತಲೆಗೂದಲಿನಲ್ಲಿ ಅದೇ. ಸದನದಲ್ಲಿ ಅಕ್ಕೋರ ಹೆಸರು ಕೂಗಿದಾಗ ಅವರು ಇರಲಿಲ್ಲವೆಂದು ಪತ್ರಿಕೆಯಲ್ಲಿ ಬಂತು. ಏಕೆ ಇರಲಿಲ್ಲ ಎಂಬುದು ಬರಲಿಲ್ಲ.

ಅವರಿಗೆ ಉಳಿದದ್ದು ಕೆಲವು ತಿಂಗಳು. ಅಷ್ಟರಲ್ಲಿ ಜಾಗ ಹುಡುಕಬೇಕು. ಕಚೇರಿಯಿಂದ ಕಚೇರಿಗೆ ಅಲೆದ ಮೇಲೆ ಗುಡ್ಡದಹಟ್ಟಿ ಎಂಬ ಊರಿನ ಗಾಯರಾಣ ಕಣ್ಣಿಗೆ ಬಿತ್ತು. ಅದು ಊರ ದನ ಮೇಯುವ ಸರ್ಕಾರಿ ನೆಲ. ಎಂಥ ನೆರೆ ಬಂದರೂ ಅಲ್ಲಿಗೆ ನೀರು ಹತ್ತುವುದಿಲ್ಲ. ಸುದ್ದಿ ಹಬ್ಬಿದ ಕೂಡಲೇ ಗುಡ್ಡದಹಟ್ಟಿಯವರು ತಿರುಗಿಬಿದ್ದರು. ಶಿವಲಿಂಗಪ್ಪನವರು ರಬಕವಿಗೆ ಬಂದರು. ಈ ಸಲ ಅವರು ನಗಲಿಲ್ಲ.

"ಗುಡ್ಡದಹಟ್ಟಿಯೊಳಗ ಇಡೀ ಊರು ನಮಗ ಓಟ್ ಹಾಕ್ತೈತ್ರಿ. ಗಡ್ಡಿಯೊಳಗ ಅದಾರರ ಎಷ್ಟು ಮಂದಿ? ಇನ್ನೊಂದ ಸಲ ಹೋಗಬೇಕಂತ ನಿಮ್ಮ ಮನಸಿನ್ಯಾಗ ಐತಿ. ನೀವು ಇದನ್ನ ಇಲ್ಲಿಗೆ ಬಿಟ್ರ ನಾ ನಿಮ್ಮ ಹೆಸರು ಎತ್ತಿ ಮಾತಾಡ್ತೇನಿ. ಬಿಡದಿದ್ರ ನನ್ನ ಕೈಯಾಗ ಏನೂ ಇಲ್ಲ."

ಅಕ್ಕೋರು, "ವಿಚಾರ ಮಾಡ್ತೇನ್ರಿ," ಎಂದರು. ಅಂದು ಅವರು ಊಟ ಮಾಡಲಿಲ್ಲ. ಅಂಗಳದಲ್ಲಿ ಖುರ್ಚಿ ಹಾಕಿಕೊಂಡು, ಓಣಿಯ ಮಗ್ಗಗಳ ಸದ್ದು ಕೇಳುತ್ತ ಕೂತಿದ್ದರು. ಮರುದಿನ ಕಾರು ಹತ್ತಿ ಗುಡ್ಡದಹಟ್ಟಿಗೆ ನಡೆ ಎಂದರು. ಅರ್ಧ ದಾರಿ ಕಳೆದ ಮೇಲೆ ನನಗೆ ಹೇಳಿದರು: "ಸುಳ್ಳು ಯಾಕ ಹೇಳ್ಲಿ. ಭಾಳ ಆಸೆ ಆಗಿತ್ತು."

ಗುಡ್ಡದಹಟ್ಟಿಯ ಪಂಚಾಯ್ತಿ ಅಧ್ಯಕ್ಷ ಸಂಗಪ್ಪ ಒರಟನಲ್ಲ. ಆದರೆ ಅವನ ಪ್ರಶ್ನೆಗೆ ಉತ್ತರ ಸುಲಭವಿರಲಿಲ್ಲ. "ಅವರಿಗೆ ಮನಿ ಬೇಕು, ಖರೆ. ನಮ್ಮ ದನ ಎಲ್ಲಿ ಮೇಯಬೇಕ್ರಿ ಅಕ್ಕೋರ?" ಅಕ್ಕೋರು ಭಾಷಣ ಮಾಡಲಿಲ್ಲ. ಆ ನೆಲ ತೋರಿಸು ಎಂದರು. ಜಾಲಿ ಮುಳ್ಳಿನಲ್ಲಿ ಸೀರೆ ಹರಿದುಕೊಳ್ಳುತ್ತ ಇಡೀ ಗಾಯರಾಣ ನಡೆದರು. ಹುಲ್ಲು ಎಲ್ಲಿದೆ, ಬರೀ ಕಲ್ಲು ಎಲ್ಲಿದೆ, ಕೆರೆಗೆ ದನ ಯಾವ ದಾರಿಯಲ್ಲಿ ಇಳಿಯುತ್ತವೆ ಎಂದು ಕೇಳಿ ತಿಳಿದರು. ಮತ್ತೆ ಹೋದರು, ಮತ್ತೂ ಹೋದರು. ಒಂದು ದಿನ ಸಂಗಪ್ಪನನ್ನೂ ಊರಿನ ನಾಲ್ಕಾರು ಮಂದಿಯನ್ನೂ ಗಂಜಿ ಕೇಂದ್ರಕ್ಕೆ ಕರೆತಂದರು. ಅವರಿಗೆ ಅಲ್ಲಿ ಊಟ ಬಡಿಸಿದವಳು ಗಂಗವ್ವ.

"ನಿಮ್ಮ ನೆಲಾ ನಮಗೂ ಬ್ಯಾಡ್ರಿ," ಎಂದಳು ಸಂಗಪ್ಪನಿಗೆ, ಸಾರು ಹಾಕುತ್ತ. "ನಮ್ಮ ನೆಲಾ ಹೊಳ್ಯಾಗ ಹೋತು. ಅದಕ್ಕ ಕುಂತೀವಿ."

ಸಂಗಪ್ಪ ಊಟ ಮುಗಿಸಿ ಎದ್ದ. ಆ ವಾರ ಅವನು ತನ್ನೂರಿನಲ್ಲಿ ಸಭೆ ಕರೆದ. ಬೈಗುಳವೂ ಆಯಿತು, ಇಬ್ಬರು ಎದ್ದೂ ಹೋದರು. ಕೊನೆಗೆ ಕೆರೆಯ ಕಡೆಯ ಹುಲ್ಲುಗಾವಲು ಊರಿಗೇ ಉಳಿಯಬೇಕು, ಮೂಡಣದ ಕಲ್ಲುಭೂಮಿಯಲ್ಲಿ ಮನೆಗಳಾಗಲಿ, ಎರಡೂ ಕಡೆಯ ಜನಕ್ಕೂ ದನಕ್ಕೂ ನೀರಿನ ಟಾಕಿ ಸಂಸದರ ನಿಧಿಯಿಂದ ಆಗಬೇಕು ಎಂದು ಒಪ್ಪಿದರು. ಸರ್ವೆಯವರು ಬಂದು ಕಲ್ಲು ನೆಟ್ಟ ದಿನ ಅಕ್ಕೋರು ಬಿಸಿಲಿನಲ್ಲಿ ಕೊಡೆಯಿಲ್ಲದೆ ಕಡೆಯ ಕಲ್ಲಿನವರೆಗೂ ನಿಂತಿದ್ದರು.

ಆಮೇಲಿನ ಅಧಿವೇಶನಗಳಲ್ಲಿ ಅವರ ಹೆಸರು ಮತ್ತೆ ಬರಲಿಲ್ಲ. ಚುನಾವಣೆ ಘೋಷಣೆಯಾಯಿತು, ಟಿಕೆಟ್ಟು ಆ ಇಬ್ಬರು ದೊಡ್ಡವರಲ್ಲಿ ಒಬ್ಬರ ಪಾಲಾಯಿತು. ನಾವದನ್ನು ತಿಳಿದದ್ದು ನನ್ನ ಮನೆಯ ಟಿ.ವಿ.ಯಲ್ಲಿ. ಅಕ್ಕೋರು ಟಿ.ವಿ. ಆರಿಸಿ, ನನ್ನ ಮಗಳ ಲೆಕ್ಕದ ಪುಸ್ತಕ ಎಳೆದುಕೊಂಡು, "ಎಲ್ಲಿಗೆ ಬಂತು ನಿಮ್ಮ ಪಾಠ?" ಎಂದರು. ಅವಳಿಗೆ ಹೇಳಿಕೊಡುವಾಗ ಒಂದು ಸಣ್ಣ ಕೂಡುವ ಲೆಕ್ಕ ತಪ್ಪಿದರು. ಅವರು ತಪ್ಪಿದ್ದನ್ನು ನಾನು ಮೊದಲು ನೋಡಿರಲಿಲ್ಲ. ಅವರು ತಾವೇ ಅದನ್ನು ಹೊಡೆದುಹಾಕಿ, ಕನ್ನಡಕ ತೆಗೆದು ಬಹಳ ಹೊತ್ತು ಒರೆಸಿದರು.

ಕೆಲ ವರ್ಷಗಳ ಮೇಲೆ ಅವರು ತೀರಿಕೊಂಡಾಗ ಪತ್ರಿಕೆಯ ಮೂಲೆಯಲ್ಲಿ ಸಣ್ಣ ಸುದ್ದಿ ಬಂತು. ಅಲ್ಪಾವಧಿಗೆ ಸಂಸದೆಯಾಗಿದ್ದರು, ಸದನದಲ್ಲಿ ಮಾತನಾಡಿದ ದಾಖಲೆ ಇಲ್ಲ ಎಂದು. ಬರೆದವರದೇನೂ ತಪ್ಪಿಲ್ಲ. ಬನಹಟ್ಟಿಯಲ್ಲಿ ಆ ದಿನ ಅನೇಕ ಓಣಿಗಳಲ್ಲಿ ಮಗ್ಗ ಬಂದ್ ಇದ್ದವು.

ಆದರೆ ಆ ವರ್ಷ ನನ್ನ ಪಾಲಿಗೆ ಮುಗಿದದ್ದು ಅವರ ಅವಧಿ ಮುಗಿದ ಮೇಲೆ, ಗುಡ್ಡದಹಟ್ಟಿಯ ಕಲ್ಲುಭೂಮಿಯಲ್ಲಿ. ಹೊಸ ಸದಸ್ಯರು ಬಂದು ಅಡಿಗಲ್ಲು ಹಾಕಿದ್ದರು, ಅಕ್ಕೋರಿಗೆ ಕರೆ ಇರಲಿಲ್ಲ. ಮನೆಗಳು ಎದ್ದವು. ಒಂದು ದಿನ ಗಂಗವ್ವನ ಸೊಸೆ ನನಗೆ ಫೋನು ಮಾಡಿದಳು. "ನಾಳೆ ಮನಿ ಒಕ್ಕಲಾಗಾಕತ್ತೇವ್ರಿ. ಅಕ್ಕೋರನ್ನ ಕರಿ ಅಂತ ಅತ್ತಿ ಅಂದಿಲ್ಲ. ನಾ ಕರೀಲೇನು ಅಂದೆ, ಬ್ಯಾಡ ಅಂತನೂ ಅನ್ಲಿಲ್ಲ." ಅದನ್ನು ಹಾಗೆಯೇ ಅಕ್ಕೋರಿಗೆ ಹೇಳಿದೆ. ಅವರು ಬಸ್ಸಿನಲ್ಲಿ ಜಮಖಂಡಿಗೆ ಬಂದರು, ಅಲ್ಲಿಂದ ಇಬ್ಬರೂ ಹೋದೆವು.

ಎರಡು ಕೋಣೆಯ ಮನೆ, ಸುಣ್ಣದ ವಾಸನೆ ಇನ್ನೂ ಆರಿರಲಿಲ್ಲ. ಬಂದವರೆಲ್ಲ ಉಂಡೆದ್ದ ಮೇಲೆ ಗಂಗವ್ವ ನಮಗೆ ತಾಟು ಇಟ್ಟಳು. ಹೋಳಿಗೆ, ಕಟ್ಟಿನ ಸಾರು. ತನಗೂ ಒಂದು ತಾಟು ತಂದು ಅಕ್ಕೋರ ಎದುರಿಗೆ ನೆಲದ ಮೇಲೆ ಕೂತಳು. ಇಬ್ಬರ ತಲೆಯೂ ಪೂರಾ ಬೆಳ್ಳಗಾಗಿದ್ದನ್ನು ನಾನು ಆಗಲೇ ಗಮನಿಸಿದ್ದು.

"ಉಣ್ಣು ನೀಲಿ," ಎಂದಳು.

ಅಕ್ಕೋರು ಹೋಳಿಗೆ ಮುರಿದರು.

ಗಂಗವ್ವ ಬಾಗಿಲ ಕಡೆ ನೋಡುತ್ತ, "ಇಲ್ಲಿಂದ ಹೊಳಿ ಕಾಣಂಗಿಲ್ಲ," ಎಂದಳು.

ಅಕ್ಕೋರೂ ಆ ಕಡೆ ತಿರುಗಿ ನೋಡಿದರು. ಹೊರಗೆ ಕಲ್ಲು, ಜಾಲಿ, ಹೊಸ ಗೋಡೆಗಳು, ಅದರಾಚೆ ಒಣ ಇಳಿಜಾರು.

"ಇಲ್ಲ," ಎಂದರು. "ಕಾಣಂಗಿಲ್ಲ."

ಗಂಗವ್ವ ಅವರ ತಾಟಿಗೆ ಇನ್ನೊಂದು ಹೋಳಿಗೆ ಹಾಕಿ ಮೇಲೆ ತುಪ್ಪ ಬಿಟ್ಟಳು. ಆಮೇಲೆ ಇಬ್ಬರೂ ತಲೆ ತಗ್ಗಿಸಿ ಉಣ್ಣತೊಡಗಿದರು.